ಬಳೆಗಾರ ಗುಂಡಿನಲ್ಲಿ ನಿಧಿಯ ಗುರುತಿಲ್ಲ

ಊರು ಖಾಲಿಯಾದರೆ ಕಳ್ಳನಿಗೆ ಹಬ್ಬ. ಸಿನಿಮಾದವರಿಗೆ ಈ ಕಥೆ ಎಂದೂ ಹಳತಾಗುವುದಿಲ್ಲ. 2018ರ 'ದಿ ಹರಿಕೇನ್ ಹೈಸ್ಟ್'ನಲ್ಲಿ ಚಂಡಮಾರುತಕ್ಕೆ ಹೆದರಿ ಜನ ಊರು ಬಿಡುವ ಹೊತ್ತಿಗೇ ಕಳ್ಳರು ಸರ್ಕಾರಿ ಖಜಾನೆಗೆ ಕೈಹಾಕುತ್ತಾರೆ. ಮೊಳಕಾಲ್ಮೂರು ಸೀಮೆಯಲ್ಲಿ ಇಂಥ ಕಥೆ ಕೇಳಲು ಟಿಕೆಟ್ ಬೇಕಿಲ್ಲ, ಯಾವುದಾದರೂ ಗುಡಿಯ ಕಟ್ಟೆಯ ಮೇಲೆ ಕೂತರೆ ಸಾಕು. ಹಂಪಿ ಹಾಳಾದಾಗ ಓಡಿಬಂದವರು ಕೊಪ್ಪರಿಗೆಗಟ್ಟಲೆ ಹೊನ್ನನ್ನು ದಾರಿಯ ಗುಡ್ಡಗಳಲ್ಲಿ ಹೂತರಂತೆ, ಗುರುತಿಗೆ ಬಂಡೆಯ ಮೇಲೆ ಅಕ್ಷರ ಕೊರೆದರಂತೆ.

ಈ 'ಅಂತೆ'ಯಲ್ಲಿ ಒಂದೆಳೆ ನಿಜವಿದೆ. 1565ರ ಜನವರಿಯಲ್ಲಿ ಸುಲ್ತಾನರ ವಿರುದ್ಧದ ರಕ್ಕಸಗಿ–ತಂಗಡಗಿ ಕದನದಲ್ಲಿ ವಿಜಯನಗರದ ಅಳಿಯ ರಾಮರಾಯ ಸತ್ತ. ಕೆಲವೇ ತಾಸಿನಲ್ಲಿ ಅವನ ತಮ್ಮ ತಿರುಮಲ ಬೊಕ್ಕಸವನ್ನು ಆನೆಗಳ ಮೇಲೆ ಹೇರಿಸಿ, ಹೆಸರಿಗೆ ಅರಸನಾಗಿದ್ದ ಸದಾಶಿವರಾಯನನ್ನೂ ಕರೆದುಕೊಂಡು ಪೆನುಕೊಂಡೆಯ ದಾರಿ ಹಿಡಿದ. ರಾಬರ್ಟ್ ಸೀವೆಲ್ 1900ರಲ್ಲಿ ಪ್ರಕಟಿಸಿದ ವಿಜಯನಗರದ ಚರಿತ್ರೆಯಲ್ಲಿ ಆನೆಗಳ ಲೆಕ್ಕ 550. ಲೆಕ್ಕ ಉಬ್ಬಿರಬಹುದು ಎಂಬುದು ನನ್ನ ಗುಮಾನಿ. ಹಂಪಿಯಿಂದ ಪೆನುಕೊಂಡೆಗೆ ನಕ್ಷೆಯಲ್ಲಿ ನೇರ ಗೆರೆ ಎಳೆದರೆ ಅದು ರಾಯದುರ್ಗದ ಆಸುಪಾಸಿನಲ್ಲಿ ಹಾಯುತ್ತದೆ. ರಾಯದುರ್ಗ ಅಂದರೆ ಮೊಳಕಾಲ್ಮೂರಿನ ನೆರೆಮನೆ. ಕಥೆಗೆ ಕಾಲು ಮೂಡಿದ್ದು ಇಲ್ಲಿಂದಲೇ ಇರಬೇಕು.

ಆದರೆ ಪೆನುಕೊಂಡೆಯಲ್ಲಿ ಮತ್ತೆ ರಾಜ್ಯ ಕಟ್ಟಲು ಹೊರಟವನು ಬೊಕ್ಕಸವನ್ನು ನಡುದಾರಿಯಲ್ಲಿ ಏಕೆ ಹೂಳುತ್ತಾನೆ? ಹೊನ್ನು ಹೂತವರೂ ಇದ್ದರು, ಅವರ ಕಥೆ ಬೇರೆ. ಗಾಡಿ, ಎತ್ತುಗಳೆಲ್ಲ ದಂಡಿನ ಹಿಂದೆ ಹೋಗಿದ್ದವು. ಹಂಪಿಯ ಜನಕ್ಕೆ ಹೊರಡಲು ದಾರಿಯೇ ಇರಲಿಲ್ಲ. ಇದ್ದಬದ್ದದ್ದನ್ನು ಅಲ್ಲೇ ಹೂತು, ಹುಡುಗರ ಕೈಗೆ ಆಯುಧ ಕೊಟ್ಟು ಕಾದರು ಎನ್ನುತ್ತಾನೆ ಸೀವೆಲ್. ಓಡಿದವರು ಹೂಳಲಿಲ್ಲ, ಹೂತವರು ಓಡಲಿಲ್ಲ.

ಹಂಪಿಯನ್ನು ಮೊದಲು ಕೊಳ್ಳೆ ಹೊಡೆದವರು ಸುಲ್ತಾನರ ಸೈನಿಕರು ಎಂಬುದೂ ಪೂರ್ತಿ ಸರಿಯಲ್ಲ. ಪೋರ್ಚುಗೀಸ್ ಚರಿತ್ರೆಕಾರ ಕೋಟೊ ಹೇಳುವಂತೆ ತಿರುಮಲ ಹೊರಟ ಮರುದಿನವೇ ಸುತ್ತಲಿನ ಕಾಡುಮೇಡಿನ ಗುಂಪುಗಳು ನುಗ್ಗಿದವು, ಒಂದೇ ದಿನ ಆರು ಸಲ. ಗೆದ್ದ ದಂಡು ಬಂದದ್ದು ಮೂರನೇ ದಿನ.

ಇನ್ನು ಮೊಳಕಾಲ್ಮೂರು ಸೀಮೆಯದೇ ಆದ ಬ್ರಹ್ಮಗಿರಿ ಬೆಟ್ಟದ ಬುಡದ ಕಲ್ಲುಗೋರಿಗಳು. ನಾಲ್ಕು ಚಪ್ಪಡಿ ನಿಲ್ಲಿಸಿ, ಒಂದರಲ್ಲಿ ದುಂಡನೆಯ ಕಿಂಡಿ ಕೊರೆದು, ಮೇಲೊಂದು ಚಪ್ಪಡಿ ಮುಚ್ಚಿದ ಪೆಟ್ಟಿಗೆಯಂಥವು. ನಾಡಿನಲ್ಲಿ ಇಂಥವನ್ನು ಕೆಲವೆಡೆ ಮೋರ್ಯರ ಮನೆ, ಕೆಲವೆಡೆ ಪಾಂಡವರ ಮನೆ ಅನ್ನುತ್ತಾರೆ. ನಿಧಿಗಳ್ಳರ ಕಣ್ಣಿಗೆ ಇವು ಕಲ್ಲಿನ ತಿಜೋರಿ. 1947ರಲ್ಲಿ ಪುರಾತತ್ವಜ್ಞ ಮಾರ್ಟಿಮರ್ ವೀಲರ್ ಇಲ್ಲಿ ಕ್ರಮವಾಗಿ ಅಗೆಸಿದಾಗ ಗೋರಿಗಳಲ್ಲಿ ಸಿಕ್ಕಿದ್ದು ಮೂಳೆ, ಕಪ್ಪು-ಕೆಂಪು ಮಡಕೆ, ಕಬ್ಬಿಣದ ಸಾಮಾನು. ಚಿನ್ನ ಇರಲೇ ಇಲ್ಲ ಎಂದರೆ ನಾನೂ ಸುಳ್ಳು ಹೇಳಿದಂತೆ. ಬ್ರಹ್ಮಗಿರಿಯ ಒಂದು ಗೋರಿಯಲ್ಲಿ 33 ಚಿನ್ನದ ಮಣಿ, 2 ಕಲ್ಲಿನ ಮಣಿ, 4 ತಾಮ್ರದ ಬಳೆ, ಒಂದು ಶಂಖ ಸಿಕ್ಕಿವೆ. ಉಳಿದವರ ಪಾಲಿಗೆ ಹೆಚ್ಚಾಗಿ ನಾಲ್ಕಾರು ಮಡಕೆಗಳೇ. ಗೋರಿ ಕಟ್ಟಿದವರ ಕಾಲದಲ್ಲೂ ಉಳ್ಳವರು, ಇಲ್ಲದವರು ಇದ್ದರು ಎಂದು ಗೊತ್ತಾಗುವುದು ಈ ವ್ಯತ್ಯಾಸದಿಂದ. ಹಾರೆ ಹಾಕಿ ಕಿತ್ತರೆ ಮಣಿ ಸಿಕ್ಕೀತು, ಈ ಸಂಗತಿ ಸಿಗದು. ಸಂರಕ್ಷಿತ ಸ್ಮಾರಕಕ್ಕೆ ಹಾರೆ ಹಾಕಿದರೆ 1958ರ ಪ್ರಾಚೀನ ಸ್ಮಾರಕಗಳ ಕಾಯ್ದೆಯಡಿ ಎರಡು ವರ್ಷದವರೆಗೆ ಜೈಲು, ಒಂದು ಲಕ್ಷದವರೆಗೆ ದಂಡ.

ಕೊನೆಗೆ, ಗುರುತಿಗೆ ಬಂಡೆಯ ಮೇಲೆ ಕೊರೆದರೆನ್ನುವ ಆ ಅಕ್ಷರಗಳು. ಜಟಾಯು ಬಿದ್ದ ಜಾಗವೆಂದು ಜನ ನಂಬುವ ಜಟಿಂಗ ರಾಮೇಶ್ವರ ಬೆಟ್ಟದಲ್ಲಿ ಗುಡಿಯ ಮೆಟ್ಟಿಲ ಬಳಿ ಒಂದು ಬಂಡೆಯಿದೆ, ಹೆಸರು ಬಳೆಗಾರ ಗುಂಡು. ಅದರ ಮೇಲಿನ ಬರಹ ಬೀಜಾಕ್ಷರವಲ್ಲ, ನಿಧಿಯ ನಕ್ಷೆಯೂ ಅಲ್ಲ. ಹಂಪಿ ಹುಟ್ಟುವುದಕ್ಕೂ ಸಾವಿರದೈನೂರಕ್ಕೂ ಹೆಚ್ಚು ವರ್ಷ ಮೊದಲಿನ ಅಶೋಕನ ಶಾಸನ ಅದು. ಶಾಸನತಜ್ಞ ಬಿ.ಎಲ್. ರೈಸ್ 1892ರಲ್ಲಿ ಈ ಬೆಟ್ಟದ್ದನ್ನೂ ಬ್ರಹ್ಮಗಿರಿ, ಸಿದ್ದಾಪುರಗಳ ಇನ್ನೆರಡನ್ನೂ ಬೆಳಕಿಗೆ ತಂದರು. ಲಿಪಿ ಬ್ರಾಹ್ಮಿ, ಭಾಷೆ ಪ್ರಾಕೃತ. ಸುವರ್ಣಗಿರಿಯ ಅಧಿಕಾರಿಗಳು ಇಸಿಲ ಎಂಬ ಊರಿನ ಅಧಿಕಾರಿಗಳ ಆರೋಗ್ಯ ವಿಚಾರಿಸಿ, ರಾಜನ ಮಾತನ್ನು ತಲುಪಿಸುತ್ತಾರೆ. ತಂದೆತಾಯಿಯ ಮಾತು ಕೇಳಿ, ಜೀವಿಗಳ ಮೇಲೆ ದಯೆಯಿರಲಿ, ನಿಜ ನುಡಿಯಿರಿ, ಇದು ದೊಡ್ಡವರಿಗಷ್ಟೇ ಅಲ್ಲ, ಸಣ್ಣವರಿಗೂ ಸಾಧ್ಯ. ಚಿನ್ನ ಅಂತ ಇರುವುದು ಸುವರ್ಣಗಿರಿ ಎಂಬ ಊರಿನ ಹೆಸರಿನಲ್ಲಿ ಮಾತ್ರ. ಬರೆದವನು ಚಪಡ. ಬ್ರಹ್ಮಗಿರಿಯ ಪ್ರತಿಯಲ್ಲಿ ಅವನು 'ಲಿಪಿಕಾರ' ಎಂಬ ಮಾತನ್ನು ಮಾತ್ರ ಬಲದಿಂದ ಎಡಕ್ಕೆ ಸಾಗುವ ಖರೋಷ್ಠಿಯಲ್ಲಿ ಕೊರೆದಿದ್ದಾನೆ. ವಾಯವ್ಯ ಗಡಿಯ ಆ ಲಿಪಿ ತನಗೆ ಬರುತ್ತದೆ ಎಂಬ ಸಣ್ಣ ಜಂಬ ಇದ್ದೀತು.

ಜಾತ್ರೆಯಲ್ಲಿ ಬಳೆಗಾರರು ಈ ಬಂಡೆಯ ಮೇಲೆಯೇ ಅಂಗಡಿ ಹಾಕುತ್ತಿದ್ದರು, ಅದರಿಂದಲೇ ಆ ಹೆಸರು. ಮೂರು ಪ್ರತಿಗಳಲ್ಲಿ ಬಹಳ ಸವೆದಿರುವುದು ಇದೇ. ಸಾಲುಸಾಲಾಗಿ ಓದುವ ಆಸೆಯಿದ್ದರೆ ಬೆಟ್ಟ ಇಳಿದು ಬ್ರಹ್ಮಗಿರಿಗೆ ಹೋಗಬೇಕು, ಕೆಲವೇ ಕಿಲೋಮೀಟರ್.