ಕಾವಲಿನ ನೆಲಕ್ಕೆ ಇಳಿದ ಪುಷ್ಪಕ

ಚಿತ್ರದುರ್ಗ ಜಿಲ್ಲೆಯ ಚಳ್ಳಕೆರೆ ತಾಲ್ಲೂಕಿನ ವರವು ಕಾವಲಿನಲ್ಲಿ ಎರಡು ಕಿಲೋಮೀಟರಿಗೂ ತುಸು ಹೆಚ್ಚು ಉದ್ದದ ರನ್‌ವೇ ಇದೆ. ಡಿಆರ್‌ಡಿಒದ ವೈಮಾನಿಕ ಪರೀಕ್ಷಾ ವಲಯಕ್ಕೆ ಸೇರಿದ್ದು. 2017ರ ಮೇ ತಿಂಗಳಲ್ಲಿ ಉದ್ಘಾಟನೆಯಾಯಿತು. ಇಲ್ಲಿಂದ ರಾಕೆಟ್ ಹಾರುವುದಿಲ್ಲ. ಬಾಹ್ಯಾಕಾಶಕ್ಕೆ ಹೋದ ವಾಹನ ಮರಳಿ ಬಂದು ನೆಲ ಮುಟ್ಟುವುದು ಹೇಗೆ ಎಂಬುದನ್ನು ಇಸ್ರೊ ಪರೀಕ್ಷಿಸಿದ್ದು ಇಲ್ಲಿ.

ಈ ನೆಲಕ್ಕೆ ರನ್‌ವೇಗಿಂತ ಹಳೆಯ ಚರಿತ್ರೆಯಿದೆ. ಮೈಸೂರು ಅರಸರ ಕಾಲದಲ್ಲಿ ಅಮೃತಮಹಲ್ ದನಗಳಿಗೆಂದು ಕಾಯ್ದಿಟ್ಟ ಹುಲ್ಲುಗಾವಲುಗಳೇ ಕಾವಲುಗಳು. ಸುತ್ತಲ ಹಳ್ಳಿಗಳ ಕುರಿ, ದನ ಮೇಯುತ್ತಿದ್ದುದು ಅಲ್ಲೇ. ಚಳ್ಳಕೆರೆಯ ಕಂಬಳಿಯ ಹೆಸರಿನ ಹಿಂದೆ ಆ ಹುಲ್ಲೂ ಇದೆ. ಡಿಆರ್‌ಡಿಒ, ಇಸ್ರೊ, ಭಾರತೀಯ ವಿಜ್ಞಾನ ಸಂಸ್ಥೆ ಮೊದಲಾದವಕ್ಕೆ ಕಾವಲಿನ ಸಾವಿರಾರು ಎಕರೆ ಹಂಚಿಕೆಯಾದಾಗ ಹಳ್ಳಿಗರು ಪ್ರತಿಭಟಿಸಿದರು, ವಿವಾದ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯವರೆಗೆ ಹೋಯಿತು. ಇಲ್ಲಿನ ಸಾಧನೆಯನ್ನು ಹೇಳುವಾಗ ಈ ಮಾತನ್ನು ಬಿಡುವುದು ನ್ಯಾಯವಲ್ಲ.

ಬಾಹ್ಯಾಕಾಶಕ್ಕೆ ಏರುವಷ್ಟೇ ಕಷ್ಟ ಅಲ್ಲಿಂದ ಇಳಿಯುವುದು. 1961ರಲ್ಲಿ ಯೂರಿ ಗಗಾರಿನ್ ಕೋಶದಿಂದ ಹೊರಚಿಮ್ಮಿ ತನ್ನದೇ ಪ್ಯಾರಾಚೂಟಿನಲ್ಲಿ ಇಳಿದ. 1984ರಲ್ಲಿ ರಾಕೇಶ್ ಶರ್ಮಾ ಮರಳಿದ ಸೋಯುಜ್ ಕೋಶವೂ ಪ್ಯಾರಾಚೂಟಿನಲ್ಲೇ ಬಯಲಿಗಿಳಿಯಿತು. ರೆಕ್ಕೆಯ ವಾಹನವನ್ನು ವಿಮಾನದಂತೆ ಇಳಿಸಿ ಮತ್ತೆ ಬಳಸುವುದು ಬೇರೆ ದಾರಿ. ಅಮೆರಿಕ 1977ರಲ್ಲಿ ಎಂಟರ್‌ಪ್ರೈಸ್ ಶಟಲನ್ನು ಬೋಯಿಂಗ್ 747ರ ಬೆನ್ನ ಮೇಲೆ ಹೊತ್ತೊಯ್ದು ಗಾಳಿಯಲ್ಲಿ ಬಿಟ್ಟು ಪರೀಕ್ಷಿಸಿತು. ಸೋವಿಯತ್ ಒಕ್ಕೂಟದ ಬುರಾನ್ 1988ರಲ್ಲಿ ಒಳಗೆ ಯಾರೂ ಇಲ್ಲದೆ ಭೂಮಿ ಸುತ್ತಿ ಬಂದು ರನ್‌ವೇ ಮೇಲೆ ಇಳಿಯಿತು.

ಇಸ್ರೊ ಈ ದಾರಿಯಲ್ಲಿ ಮೊದಲ ಹೆಜ್ಜೆಯಿಟ್ಟದ್ದು 2016ರ ಮೇ 23ರಂದು. ಶ್ರೀಹರಿಕೋಟದಿಂದ ಹಾರಿದ 6.5 ಮೀಟರ್ ಉದ್ದದ ರೆಕ್ಕೆಯ ವಾಹನ ಸುಮಾರು 65 ಕಿಲೋಮೀಟರ್ ಎತ್ತರ ಮುಟ್ಟಿ ಬಂಗಾಳಕೊಲ್ಲಿಗೆ ಇಳಿಯಿತು. ಸಮುದ್ರದ ಬದಲು ಗಟ್ಟಿ ನೆಲದ ಮೇಲೆ ಇಳಿಸುವ ಸರದಿ ಚಳ್ಳಕೆರೆಯದಾಯಿತು.

2023ರ ಏಪ್ರಿಲ್ 2ರ ಬೆಳಿಗ್ಗೆ 7.10ಕ್ಕೆ ವಾಯುಪಡೆಯ ಚಿನೂಕ್ ಹೆಲಿಕಾಪ್ಟರ್ ಅಂಥದೇ ಇನ್ನೊಂದು ವಾಹನವನ್ನು ಹೊಟ್ಟೆಯ ಕೆಳಗೆ ತೂಗುಹಾಕಿಕೊಂಡು ಮೇಲೆದ್ದಿತು. ನಾಲ್ಕೂವರೆ ಕಿಲೋಮೀಟರ್ ಎತ್ತರದಲ್ಲಿ ಕೈಬಿಟ್ಟಿತು. ಅಲ್ಲಿಂದ ಮುಂದೆ ಎಂಜಿನ್ ಇಲ್ಲ, ಒಳಗೆ ಪೈಲಟ್ ಇಲ್ಲ, ತಪ್ಪಿದರೆ ಮೇಲೆದ್ದು ಇನ್ನೊಂದು ಸುತ್ತು ಹಾಕುವ ಅವಕಾಶವೂ ಇಲ್ಲ. ರೆಕ್ಕೆಗಳು ಮೊಂಡು, ಹೀಗಾಗಿ ತೇಲುವುದಕ್ಕಿಂತ ಕಡಿದಾಗಿ ಜಾರುವುದೇ ಹೆಚ್ಚು. ದಾರಿ ತೋರುವ ನಾವಿಕ್ ಉಪಗ್ರಹಗಳ ಸಂಕೇತ, ಎತ್ತರ ಅಳೆಯುವ ರಾಡಾರ್, ಗಾಳಿಯ ಒತ್ತಡ ಗ್ರಹಿಸುವ ಸಂವೇದಕ ಇವೆಲ್ಲ ಕೊಟ್ಟ ಲೆಕ್ಕ ಹಿಡಿದು ಗಣಕ ದಾರಿ ತಿದ್ದಬೇಕು. 7.40ಕ್ಕೆ ಚಕ್ರಗಳು ರನ್‌ವೇ ಮುಟ್ಟಿದವು.

ಮುಂದಿನ ಪರೀಕ್ಷೆಗಳಲ್ಲಿ ಕೆಲಸವನ್ನು ಬೇಕೆಂದೇ ಕಠಿಣಗೊಳಿಸಲಾಯಿತು. 2024ರ ಮಾರ್ಚ್ 22ರಂದು ಪುಷ್ಪಕ ಎಂದು ಹೆಸರಿಟ್ಟ ಅದೇ ವಾಹನವನ್ನು ರನ್‌ವೇಯ ನೇರದಿಂದ 150 ಮೀಟರ್ ಪಕ್ಕಕ್ಕೆ, ಜೂನ್ 23ರಂದು ಗಾಳಿ ಜೋರಾಗಿದ್ದಾಗ 500 ಮೀಟರ್ ಪಕ್ಕಕ್ಕೆ ಬಿಡಲಾಯಿತು. ಎರಡೂ ಸಲ ತಾನೇ ವಾಲಿ, ತಿರುಗಿ ನಡುಗೆರೆಗೆ ಬಂದಿತು. ಜೂನ್‌ನಲ್ಲಿ ಅದು ನೆಲ ಮುಟ್ಟಿದ ವೇಗ ಗಂಟೆಗೆ 320 ಕಿಲೋಮೀಟರಿಗೂ ಹೆಚ್ಚು. ಪ್ರಯಾಣಿಕರ ವಿಮಾನ ಇಳಿಯುವುದು ಸುಮಾರು 260ರಲ್ಲಿ. ಹಿಂದಿನಿಂದ ಪ್ಯಾರಾಚೂಟು ಬಿಚ್ಚಿಕೊಂಡು ವೇಗ 100ರ ಹತ್ತಿರಕ್ಕೆ ಇಳಿದ ಮೇಲೆ ಚಕ್ರದ ಬ್ರೇಕುಗಳು ಹಿಡಿದವು. ಮೂರೂ ಸಲ ಇಳಿದದ್ದು ಅದೇ ಒಡಲು, ಅದೇ ರೆಕ್ಕೆ ಎಂಬುದು ಎಲ್ಲಕ್ಕಿಂತ ಮುಖ್ಯ. ಮರುಬಳಕೆಯೇ ಈ ಯೋಜನೆಯ ಗುರಿ.

ಇನ್ನುಳಿದಿರುವುದು ಕಕ್ಷೆಯಿಂದ ಬರುವ ಪರೀಕ್ಷೆ. ಅದಕ್ಕೆ ಇದಕ್ಕಿಂತ ದೊಡ್ಡ ವಾಹನ ಬೇಕು. ರಾಕೆಟ್ಟಿನ ತುದಿಯಲ್ಲಿ ಕುಳಿತು ಕಕ್ಷೆ ಸೇರಿ, ಗಂಟೆಗೆ ಸುಮಾರು 28,000 ಕಿಲೋಮೀಟರ್ ವೇಗದಲ್ಲಿ ವಾತಾವರಣ ಹೊಕ್ಕು, ಆ ಕಾವನ್ನು ತಾಳಿಕೊಂಡ ಮೇಲಷ್ಟೇ ಅದು ರನ್‌ವೇಯನ್ನು ಹುಡುಕಬೇಕಾದೀತು.