ಅವ್ವ ನೋಡಿದ ಸಿನಿಮಾ ಫೋನಿನ್ಯಾಗ ಹುಡುಕೋದು ಹೆಂಗ?

ಹುಬ್ಬಳ್ಳಿ-ಧಾರವಾಡದ ಯಾವ ಮನೆಯಲ್ಲಿ ಕೇಳಿದರೂ ಹಿರಿಯರಿಗೆ ಹಳೇ ಸಿನಿಮಾದ ಹೆಸರು ಮರೆತಿರುತ್ತದೆ, ಹಾಡು ಮರೆತಿರುವುದಿಲ್ಲ. ಹುಡುಕಾಟ ಅಲ್ಲಿಂದಲೇ ಶುರುವಾಗಲಿ. ಹಾಡಿನ ಮೊದಲ ನಾಲ್ಕಾರು ಪದಗಳನ್ನು ಕನ್ನಡದಲ್ಲೇ ಯೂಟ್ಯೂಬಿಗೆ ಹಾಕಿ. ಹಾಡು ಸಿಕ್ಕರೆ ಸಾಮಾನ್ಯವಾಗಿ ಅದರ ಕೆಳಗೆ ಚಿತ್ರದ ಹೆಸರೂ ಇರುತ್ತದೆ. ಆ ಹೆಸರನ್ನು ಇಂಗ್ಲಿಷ್ ಅಕ್ಷರದಲ್ಲಿ ಒಬ್ಬೊಬ್ಬರು ಒಂದೊಂದು ರೀತಿ ಬರೆದಿರುತ್ತಾರೆ. ‘ಸಂತ ಶಿಶುನಾಳ ಶರೀಫ’ (1990) ಚಿತ್ರವನ್ನೇ ತಗೊಳ್ರಿ, ಬರೀ ಶರೀಫ ಎಂಬುದಕ್ಕೇ ಮೂರ್ನಾಲ್ಕು ಕಾಗುಣಿತ. ಎಲ್ಲವನ್ನೂ ಹಾಕಿ ನೋಡಬೇಕು.

ಯೂಟ್ಯೂಬಿನ ಆಚೆಗೆ ಇಂಟರ್ನೆಟ್ ಆರ್ಕೈವ್ ಇದೆ, ಭಾರತೀಯ ಚಿತ್ರಗಳಿಗೆಂದೇ ಇಂಡಿಯನ್‌ಸಿನೆ.ಮಾ ಎಂಬ ತಾಣವಿದೆ. ಎರಡನೆಯದರಲ್ಲಿ ಭಾಷೆ, ವರ್ಷ, ನಿರ್ದೇಶಕರ ಹೆಸರು ಹಿಡಿದು ಹುಡುಕಬಹುದು. ಎಲ್ಲ ಚಿತ್ರಗಳ ವಿಡಿಯೊ ಅಲ್ಲಿಲ್ಲ, ಆದರೆ ತಾರಾಗಣದ ವಿವರ ಸಿಕ್ಕರೂ ಅರ್ಧ ಕೆಲಸ ಆದಂತೆ.

ಸಿಕ್ಕ ಚಿತ್ರ ಪೂರ್ತಿ ಇದೆಯೇ? ಇದನ್ನು ಬಹಳ ಜನ ನೋಡುವುದೇ ಇಲ್ಲ. ಮೊದಲಿಗೆ ಬರುವ ಸೆನ್ಸಾರ್ ಸರ್ಟಿಫಿಕೇಟಿನ ಮೇಲೆ ವಿಡಿಯೊ ನಿಲ್ಲಿಸಿ. ಚಿತ್ರದ ಉದ್ದ ಮೀಟರಿನಲ್ಲೋ, ಹಳೆಯದಾದರೆ ಅಡಿಯಲ್ಲೋ ಅಲ್ಲಿ ಬರೆದಿರುತ್ತದೆ. 35 ಎಂ.ಎಂ. ಫಿಲ್ಮು ನಿಮಿಷಕ್ಕೆ 90 ಅಡಿ, ಅಂದರೆ ಸುಮಾರು 27.4 ಮೀಟರ್ ಓಡುತ್ತದೆ. 4,500 ಮೀಟರ್ ಎಂದಿದ್ದರೆ ಚಿತ್ರ ಹತ್ತಿರ ಹತ್ತಿರ 164 ನಿಮಿಷ ಇರಬೇಕು. ವಿಡಿಯೊ 130ಕ್ಕೇ ಮುಗಿದರೆ ಯಾರೋ ಕತ್ತರಿ ಆಡಿಸಿದ್ದಾರೆ. ಹೆಚ್ಚಾಗಿ ಹೋಗಿರುವುದು ಹಾಡುಗಳೇ. ಚಿತ್ರ ಮಬ್ಬಾಗಿದ್ದರೆ ಮೂಲ ಬಹುಶಃ ವಿಸಿಡಿ: ಅದರಲ್ಲಿ ಇರುವುದೇ 352 ಅಡ್ಡ, 288 ಉದ್ದದ ಚುಕ್ಕಿಗಳು. ಟಿವಿಗೆ ಹಾಕಿದರೆ ಇನ್ನೂ ಕೆಡುತ್ತದೆ, ಫೋನಿನಲ್ಲೇ ನೋಡುವುದು ಲೇಸು.

ಹಕ್ಕಿನ ಮಾತೂ ಇದೆ. ನಮ್ಮ ಕಾನೂನಿನಲ್ಲಿ ಚಿತ್ರದ ಹಕ್ಕುಸ್ವಾಮ್ಯ ಬಿಡುಗಡೆಯಾದ ಮರುವರ್ಷದಿಂದ 60 ವರ್ಷ. ಬಿ.ಆರ್. ಪಂತುಲು ಅವರ ‘ಸ್ಕೂಲ್ ಮಾಸ್ಟರ್’ (1958), ‘ಕಿತ್ತೂರು ಚೆನ್ನಮ್ಮ’ (1961) ಆ ಗಡಿ ದಾಟಿವೆ. ಶರೀಫರ ಚಿತ್ರ 2050ರ ಕೊನೆಯವರೆಗೆ ದಾಟುವುದಿಲ್ಲ. ಅಂಥದ್ದನ್ನು ಹಕ್ಕುದಾರರ ಚಾನೆಲ್ಲಿನಲ್ಲೇ ನೋಡಿರಿ. ಹಾಡುಗಳ ಸಾಹಿತ್ಯ-ಸಂಗೀತದ ಹಕ್ಕಿನ ಲೆಕ್ಕವೇ ಬೇರೆ, ಅದು ಬರೆದವರ ಆಯುಷ್ಯದ ನಂತರವೂ 60 ವರ್ಷ ನಡೆಯುತ್ತದೆ.

ಎಲ್ಲಿಯೂ ಸಿಗದಿದ್ದರೆ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಲ್ಲಿ ಪ್ರಿಂಟು ಇರಬಹುದು. 1964ರಲ್ಲಿ ಶುರುವಾದ ಈ ಸಂಸ್ಥೆ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ, ಅಂದರೆ ಎನ್‌ಎಫ್‌ಡಿಸಿಯೊಂದಿಗೆ ಸೇರಿತು. ಮನೆಮಂದಿ ಕೂತು ನೋಡಲು ಅದು ಅನುಕೂಲದ ಜಾಗವಲ್ಲ, ಸಂಶೋಧಕರಿಗೆ ಸರಿ.

ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ವನ್ನು ಮಾತ್ರ ಹುಡುಕಲು ಹೋಗಬೇಡಿ. ನಮಗೆ ಹತ್ತಿರದ ಕೊಲ್ಹಾಪುರದಲ್ಲೇ ಚಿತ್ರೀಕರಣವಾಗಿ 1934ರಲ್ಲಿ ತೆರೆಕಂಡ ಅದರ ಪ್ರತಿ ಎಲ್ಲೂ ಉಳಿದಿಲ್ಲ. ಅದೇ ಹೆಸರಿನ ತೆಲುಗು ಚಿತ್ರವೊಂದಿದೆ. ‘ಕನ್ನಡದ ಫುಲ್ ಮೂವಿ’ ಎಂದು ಯಾರಾದರೂ ಲಿಂಕ್ ಕಳಿಸಿದರೆ ನಂಬಬೇಡಿ.