ಕಾಶ ಹುಲ್ಲು

ಕಾಶ ಹುಲ್ಲು ಪೋಯೇಸಿ ಕುಟುಂಬಕ್ಕೆ ಸೇರಿದ, ನದೀತೀರಗಳಲ್ಲಿ ಪೊದೆಯಾಗಿ ಬೆಳೆಯುವ ಬಹುವಾರ್ಷಿಕ ಹುಲ್ಲು. ಇದರ ಸಸ್ಯಶಾಸ್ತ್ರೀಯ ಹೆಸರು ಸ್ಯಾಕರಮ್ ಸ್ಪಾಂಟೇನಿಯಮ್. ಇದಕ್ಕೆ ಕಾಡುಕಬ್ಬು ಎಂಬ ಹೆಸರೂ ಇದೆ. ಬೆಳ್ಳಿಬಣ್ಣದ ಹೂಗೊಂಚಲಿನಿಂದ ಕಣ್ಸೆಳೆಯುವ ಈ ಹುಲ್ಲು ಕಬ್ಬಿನ ಹತ್ತಿರದ ಸಂಬಂಧಿ. ಬಾಗಲಕೋಟೆ ಜಿಲ್ಲೆಯ ಜಮಖಂಡಿ, ಮುಧೋಳ, ಬೀಳಗಿ ಮತ್ತು ರಬಕವಿ-ಬನಹಟ್ಟಿ ತಾಲ್ಲೂಕುಗಳಲ್ಲಿ ಇಂದು ಬೆಳೆಯುವ ಕಬ್ಬಿನ ತಳಿಗಳು ತಮ್ಮ ಕಸುವನ್ನು ಬಹುಮಟ್ಟಿಗೆ ಇದರಿಂದಲೇ ಪಡೆದಿವೆ.

ಹೆಸರು

ಈ ಪ್ರಭೇದವನ್ನು 1771ರಲ್ಲಿ ಲಿನೇಯಸ್ ವರ್ಣಿಸಿದನು. 'ಸ್ಯಾಕರಮ್' ಎಂಬ ಜಾತಿನಾಮದ ಮೂಲ ಸಂಸ್ಕೃತದ 'ಶರ್ಕರಾ' ಶಬ್ದಕ್ಕೆ ಸಂಬಂಧಿಸಿದೆ. 'ಸ್ಪಾಂಟೇನಿಯಮ್' ಎಂದರೆ ತಾನಾಗಿ ಬೆಳೆಯುವುದು ಎಂದರ್ಥ. ಸಂಸ್ಕೃತ ಕಾವ್ಯಗಳಲ್ಲಿ ಕಾಶಪುಷ್ಪವು ಶರದೃತುವಿನ ಗುರುತು. ಕಾಳಿದಾಸನ 'ಋತುಸಂಹಾರ'ದ ಶರದ್ವರ್ಣನೆಯಲ್ಲಿಯೂ ಇದು ಬರುತ್ತದೆ.

ಸಸ್ಯ ಲಕ್ಷಣಗಳು

ಮಣ್ಣಿನೊಳಗೆ ಹಬ್ಬುವ ಗಟ್ಟಿಯಾದ ಬೇರುಕಾಂಡಗಳಿಂದ ತೆಳುವಾದ ಕೋಲುಗಳು ಮೇಲೇಳುತ್ತವೆ. ಇವು 1ರಿಂದ 4 ಮೀಟರ್ ಎತ್ತರ ಬೆಳೆಯಬಲ್ಲವು. ಎಲೆಗಳು ಕಿರಿದು, ಉದ್ದ. ಅಂಚು ಒರಟು, ನಡುನರ ಬಿಳಿ. ಮಳೆಗಾಲ ಮುಗಿಯುವ ಹೊತ್ತಿಗೆ ಕೋಲಿನ ತುದಿಯಲ್ಲಿ ಹೂಗೊಂಚಲು ಮೂಡುತ್ತದೆ. ಕಿರುತೆನೆಗಳು ಜೋಡಿಜೋಡಿಯಾಗಿರುತ್ತವೆ: ಒಂದಕ್ಕೆ ತೊಟ್ಟಿರುತ್ತದೆ, ಇನ್ನೊಂದಕ್ಕಿರುವುದಿಲ್ಲ. ಇವುಗಳ ಬುಡದಲ್ಲಿರುವ ರೇಷ್ಮೆಯಂಥ ಕೂದಲುಗಳೇ ಗೊಂಚಲಿಗೆ ಹೊಳಪು ಕೊಡುತ್ತವೆ. ಬೀಜವನ್ನು ಗಾಳಿಯಲ್ಲಿ ದೂರ ಒಯ್ಯಲು ನೆರವಾಗುವುದೂ ಇವೇ.

ವರ್ಣತಂತುಗಳ ಸಂಖ್ಯೆ ಸಸ್ಯದಿಂದ ಸಸ್ಯಕ್ಕೆ 40ರಿಂದ 128ರವರೆಗೆ ಬದಲಾಗುತ್ತದೆ. ಒಂದೇ ಪ್ರಭೇದದಲ್ಲಿ ಇಷ್ಟು ವ್ಯತ್ಯಾಸ ಕಾಣುವುದು ಅಪರೂಪ.

ಕಬ್ಬಿನೊಂದಿಗೆ ಸಂಬಂಧ

ಹಿಂದೆ ಬೆಳೆಯುತ್ತಿದ್ದ ದಪ್ಪ, ರಸಭರಿತ ಕಬ್ಬಾದ ಸ್ಯಾಕರಮ್ ಅಫಿಸಿನಾರಮ್ ಸಿಹಿಯಲ್ಲಿ ಮೇಲಾದರೂ ರೋಗ, ಬರಗಳನ್ನು ತಾಳುವ ಶಕ್ತಿ ಅದಕ್ಕೆ ಕಡಿಮೆ. ಕಾಶದಲ್ಲಿ ಸಕ್ಕರೆ ಅತ್ಯಲ್ಪ, ನಾರು ಹೆಚ್ಚು. ಆದರೆ ಅದು ನೀರಿನ ಕೊರತೆಯನ್ನೂ ನೆರೆಯನ್ನೂ ತಡೆದುಕೊಳ್ಳುತ್ತದೆ. 1912ರಲ್ಲಿ ಆರಂಭವಾದ ಕೊಯಮತ್ತೂರಿನ ಕಬ್ಬು ತಳಿ ಅಭಿವೃದ್ಧಿ ಕೇಂದ್ರದಲ್ಲಿ ಸಿ. ಎ. ಬಾರ್ಬರ್ ಮತ್ತು ಟಿ. ಎಸ್. ವೆಂಕಟರಾಮನ್ ಇವೆರಡನ್ನೂ ಸಂಕರಗೊಳಿಸಿದರು. ಇದರಿಂದ ಹುಟ್ಟಿದ ಕೋ 205 ತಳಿ 1918ರಲ್ಲಿ ಬಿಡುಗಡೆಯಾಯಿತು. ಇಂಥ ಸಂಕರಗಳನ್ನು ಮತ್ತೆ ಸಿಹಿ ಕಬ್ಬಿನೊಂದಿಗೆ ಕೂಡಿಸುತ್ತ ಹೋದಂತೆ ಸಕ್ಕರೆ ಹೆಚ್ಚಿತು, ಕಾಶದ ಕಸುವೂ ಉಳಿಯಿತು.

ಕೃಷ್ಣಾ ಮತ್ತು ಘಟಪ್ರಭಾ ನದಿಗಳ ನೀರಿನ ಆಸರೆಯಿರುವ ಮೇಲಿನ ನಾಲ್ಕು ತಾಲ್ಲೂಕುಗಳಲ್ಲಿ ಕಬ್ಬು ಪ್ರಮುಖ ಬೆಳೆ. ಕರ್ನಾಟಕದಲ್ಲಿ ವ್ಯಾಪಕವಾಗಿ ಬೆಳೆಯುವ ಕೋ 86032 ಕೂಡ ಕೊಯಮತ್ತೂರಿನ ತಳಿಯೇ. ಕಬ್ಬನ್ನು ಕಡಿದ ಮೇಲೆ ಅದೇ ಬುಡದಿಂದ ಕುಳೆ ಬೆಳೆ ಚೆನ್ನಾಗಿ ಚಿಗುರುವ ಗುಣ ಮುಖ್ಯವಾಗಿ ಕಾಶದಿಂದ ಬಂದದ್ದು. ಕುಳೆ ಬೆಳೆಗೆ ಹೊಸ ಬೀಜದ ಮತ್ತು ನಾಟಿಯ ಖರ್ಚು ಇಲ್ಲದಿರುವುದರಿಂದ ರೈತನಿಗೆ ಈ ಗುಣ ಬಹಳ ಮುಖ್ಯ.

ಉಪಯೋಗ ಮತ್ತು ಉಪದ್ರವ

ಎಳೆಯ ಹುಲ್ಲು ದನಗಳಿಗೆ, ಅದರಲ್ಲೂ ಎಮ್ಮೆಗಳಿಗೆ ಮೇವಾಗುತ್ತದೆ. ಬಲಿತ ಹುಲ್ಲನ್ನು ಚಾವಣಿಗೆ ಹೊದಿಸಲು, ಹಗ್ಗ ಹೊಸೆಯಲು ಬಳಸುತ್ತಾರೆ. ಬೇರುಗಳು ನದೀದಂಡೆಯ ಮರಳುಮಣ್ಣು ಕೊಚ್ಚಿಹೋಗದಂತೆ ಹಿಡಿದಿಡುತ್ತವೆ. ಆದರೆ ಹೊಲಕ್ಕೆ ನುಗ್ಗಿದರೆ ಇದು ಹಟಮಾರಿ ಕಳೆ. ನೇಗಿಲಿಗೆ ಸಿಕ್ಕಿ ತುಂಡಾದ ಬೇರುಕಾಂಡಗಳು ಮತ್ತೆ ಚಿಗುರುತ್ತವೆ. ಪನಾಮಾದಲ್ಲಿ ಕಾಡು ಕಡಿದ ನೆಲವನ್ನು ಇದು ವಿಸ್ತಾರವಾಗಿ ಆಕ್ರಮಿಸಿದೆ. ಅಮೆರಿಕ ಸಂಯುಕ್ತ ಸಂಸ್ಥಾನದಲ್ಲಿ ಇದು ಹಾನಿಕಾರಕ ಕಳೆಗಳ ಪಟ್ಟಿಯಲ್ಲಿದೆ.

ಸಂರಕ್ಷಣೆ

ವಾಣಿಜ್ಯ ತಳಿಗಳು ಕೆಲವೇ ಪೂರ್ವಜ ಸಸ್ಯಗಳಿಂದ ಬಂದಿರುವುದರಿಂದ ಅವುಗಳ ಆನುವಂಶಿಕ ವೈವಿಧ್ಯ ಸೀಮಿತವಾದುದು. ಮುಂದೆ ಹೊಸ ರೋಗಗಳು ಬಂದರೆ ಅವನ್ನು ಎದುರಿಸುವ ಗುಣಗಳನ್ನು ಕಾಶದ ಬೇರೆ ಬೇರೆ ಬಗೆಗಳಲ್ಲಿ ಹುಡುಕಬೇಕಾಗುತ್ತದೆ. ಇದಕ್ಕಾಗಿ ದೇಶದ ಹಲವು ಭಾಗಗಳಿಂದ ತಂದ ಸಸ್ಯಗಳನ್ನು ಕೊಯಮತ್ತೂರಿನಲ್ಲಿ ಬೆಳೆಸಿ ಕಾಪಾಡಲಾಗುತ್ತಿದೆ.